ಅಮಲಿನ ಖಾನೇಸುಮಾರಿ

ಭಾರತ ಹುಣ್ಣಿಮೆಯು ಸಮೀಪಿಸಿತೆಂದರೆ ಮನೋಳಿಯ ದಾರಿಗಳಲ್ಲಿ ಎಲ್ಲಮ್ಮನ ಗುಡ್ಡಕ್ಕೆ ಹೋಗುವ ಚಕ್ಕಡಿಗಳ ಸಾಲು ಹತ್ತುವದು. ಈಚೆಗೆ ಚಕ್ಕಡಿಗಳೊಡನೆ ಟ್ರ್ಯಾಕ್ಟರುಗಳೂ ಟೆಂಪೋಗಳೂ ಸೇರಿಕೊಂಡಿರುವವಾದರೂ, ಭಂಡಾರ ಹಚ್ಚಿದ ಹಣೆಗಳೂ ಉಧೋ ಉಧೋ ಎಂಬ ಘೋಷವೂ ಹಿಂದಿನಂತೆಯೇ ಇರುವವು. ಆ ಜನಪ್ರವಾಹದಲ್ಲಿ ಒಬ್ಬಿಬ್ಬರು ಜಟಾಧಾರಿಗಳೂ ಬಂದು, ಮಲಪ್ರಭೆಯ ದಂಡೆಯ ಮರದ ನೆರಳಿನಲ್ಲಿ ಗಂಟು ಇಳಿಸಿ, ಚಿಲುಮಿಯನ್ನು ಹೊತ್ತಿಸುವರು. ಊರ ಗೃಹಸ್ಥರು ಎದುರಿಗೆ ಬಂದಾಗ ಅವರಿಗೆ ಕೈ ಮುಗಿಯುವರು; ನಾಲ್ಕು ಹೆಜ್ಜೆ ದಾಟಿದ ಮೇಲೆ ಮಕ್ಕಳಿಗೆ, ಅತ್ತ ಹೋಗಬೇಡಿರೆಂದು ಗದರಿಸುವರು.

ಇಂಥ ಪದಾರ್ಥಗಳನ್ನು ಸೇವಿಸುವವರು ಯಾರು, ಎಷ್ಟು ಜನ, ಎಂಬ ಪ್ರಶ್ನೆಗೆ ಈ ಊರಿನಲ್ಲಿ ದೊರೆಯುವ ಉತ್ತರವು ವಿಚಿತ್ರವಾದದ್ದು. ಗೃಹಸ್ಥನು ಬೈರಾಗಿಯತ್ತ ಬೆರಳು ಮಾಡುವನು. ಬೈರಾಗಿಯು ನಕ್ಕು, ಕಾಶಿಯ ಗಲ್ಲಿಗಳಲ್ಲಿ ಭಂಗಿಯನ್ನು ಅರೆಯುವ ಗೃಹಸ್ಥರನ್ನು ನೋಡಿರಿ ಎನ್ನುವನು. ಮಗ್ಗದವನು ಲಾರಿಯವನನ್ನೂ, ಲಾರಿಯವನು ಕಾಲೇಜಿನ ಹುಡುಗರನ್ನೂ, ಹುಡುಗರು ಗೋಕರ್ಣದ ಕಡಲದಂಡೆಯಲ್ಲಿ ಬಂದಿಳಿಯುವ ಪರದೇಶಿಗಳನ್ನೂ ತೋರಿಸುವರು. ಪ್ರತಿಯೊಬ್ಬನ ಬೆರಳೂ ತನ್ನ ಹೊಸ್ತಿಲಿನ ಹೊರಗೇ ಚಾಚಿರುವದು.

ಪೇಟೆಯ ಹಿಂದಿನ ಓಣಿಯಲ್ಲಿರುವ ಒಬ್ಬ ವೃದ್ಧ ವೈದ್ಯರಿಗೆ ಮಾತ್ರ ಈ ಪ್ರಶ್ನೆಯನ್ನು ಯಾರೂ ಕೇಳಿರಲಿಲ್ಲ. ಕೇಳಿದ್ದರೆ ಅವರು ಶಬ್ದಾರ್ಥದಿಂದಲೇ ಆರಂಭಿಸುತ್ತಿದ್ದರು. ಪಾಠಶಾಲೆಯಲ್ಲಿ ಕಲಿತವರ ಸ್ವಭಾವವೇ ಹಾಗೆ. ಭಾವಪ್ರಕಾಶದಲ್ಲಿ ಭಂಗಾ, ಗಂಜಾ, ಮಾತುಲಾನೀ, ಮಾದಿನೀ, ವಿಜಯಾ, ಜಯಾ ಎಂದು ಒಂದೇ ಗಿಡಕ್ಕೆ ಇಷ್ಟು ಹೆಸರುಗಳಿವೆ. ಅಥರ್ವವೇದದ ಹನ್ನೊಂದನೆಯ ಕಾಂಡದಲ್ಲಿ, ಸೋಮನು ಒಡೆಯನಾಗಿರುವ ಐದು ಸಸ್ಯಗಳ ನಡುವೆ ಭಂಗವನ್ನು ಹೆಸರಿಸಿದೆ. ಶಾರ್ಙ್ಗಧರನು ಭಂಗಿಯನ್ನೂ ಅಫೀಮನ್ನೂ 'ವ್ಯವಾಯಿ' ಎಂಬ ವರ್ಗದಲ್ಲಿ ಇಡುವನು. ಅಂದರೆ ಜೀರ್ಣವಾಗುವದಕ್ಕೆ ಮೊದಲೇ ಸರ್ವಾಂಗವನ್ನು ವ್ಯಾಪಿಸಿ, ಆ ಮೇಲೆ ಪಾಕಕ್ಕೆ ಬರುವಂಥದು ಎಂದರ್ಥ. ಮದ್ಯವನ್ನು ಅವನು ಬೇರೆ ಮಾಡಿ, ಬುದ್ಧಿಯನ್ನು ಕೆಡಿಸುವ 'ಮದಕಾರಿ'ಗಳಲ್ಲಿ ಸೇರಿಸಿದನು. ಸೋಮವೆಂದರೆ ಯಾವದು ಎಂಬ ವಾದವಂತೂ ಮುಗಿಯುವಂಥದಲ್ಲ. 1968ರಲ್ಲಿ ವಾಸನ್ ಎಂಬ ಅಮೇರಿಕದವನು ಅದು ಒಂದು ಜಾತಿಯ ಕೆಂಪು ಅಣಬೆಯೆಂದು ದೊಡ್ಡ ಗ್ರಂಥವನ್ನೇ ಬರೆದನು, ಬೇರೆ ಪಂಡಿತರು ಎಫೆಡ್ರಾ ಎಂಬ ಕುರುಚಲು ಗಿಡವೆಂದರು.

ಇಲ್ಲದ್ದನ್ನು ಕಣ್ಣಿಗೆ ಕಟ್ಟಿಸುವ ವಿಷಯದಲ್ಲಿ ಈ ನಾಡಿನ ನಿಜವಾದ ಸಸ್ಯವು ಭಂಗಿಯಲ್ಲ. ಅದು ತಿಪ್ಪೆಯ ಬದಿಯಲ್ಲಿ ಬಿಳಿಯ ಕಹಳೆಯಂತೆ ಹೂ ಬಿಡುವ ಉಮ್ಮತ್ತಿ, ಅಂದರೆ ದತ್ತೂರಿ. ಅದರ ಹೂವನ್ನು ಶಿವನಿಗೆ ಏರಿಸುವರು. ಅದರ ಬೀಜವನ್ನು ಬುದ್ಧಿಯುಳ್ಳವನು ತಾನಾಗಿ ತಿನ್ನುವದು ಅಪೂರ್ವ. ಅದನ್ನು ಇನ್ನೊಬ್ಬರಿಗೆ ತಿನ್ನಿಸಿದ ಕಥೆಗಳೇ ಹೆಚ್ಚು. ದಾರಿಕಾರರಿಗೆ ಊಟದಲ್ಲಿ ಅದನ್ನು ಬೆರೆಸಿ, ಅವರು ಗಾಳಿಯನ್ನು ಹಿಡಿಯುತ್ತ ಎಳೆಯುತ್ತ ಕುಳಿತಿರುವಾಗ ಗಂಟು ಕದಿಯುವ ವೃತ್ತಿಯೇ ಒಂದಿತ್ತು. 1856ರಲ್ಲಿ ಕಲಕತ್ತೆಯಲ್ಲಿ ನಾರ್ಮನ್ ಚೆವರ್ಸ್ ಎಂಬ ವೈದ್ಯನು ಪ್ರಕಟಿಸಿದ ನ್ಯಾಯವೈದ್ಯಕ ಗ್ರಂಥದಲ್ಲಿ ಈ ವಿಷವನ್ನು ಕುರಿತು ವಿಸ್ತಾರವಾದ ವರ್ಣನೆಯುಂಟು. ಈ ಮೂರನ್ನೂ 'ಅಮಲು' ಎಂಬ ಒಂದೇ ಚೀಲಕ್ಕೆ ತುಂಬಿ ಎಣಿಸಲು ಹೊರಟರೆ ಲೆಕ್ಕವು ಮೊದಲನೆಯ ಪುಟದಲ್ಲಿಯೇ ತಪ್ಪುವದು.

ಲೆಕ್ಕ ಮಾಡುವ ಪ್ರಯತ್ನವು ಹಳೆಯದು. 1893ರಲ್ಲಿ ಆಂಗ್ಲ ಸರಕಾರವು, ಗಾಂಜಾ ಭಂಗಿಗಳಿಂದ ಹಿಂದುಸ್ಥಾನದ ಹುಚ್ಚಾಸ್ಪತ್ರೆಗಳು ತುಂಬಿಹೋಗುತ್ತಿರುವವೆಂಬ ಕೂಗು ವಿಲಾಯತಿಯಲ್ಲಿ ಎದ್ದದ್ದರಿಂದ, ಮ್ಯಾಕ್‌ವರ್ಥ್ ಯಂಗ್ ಎಂಬವರ ಅಧ್ಯಕ್ಷತೆಯಲ್ಲಿ ಒಂದು ಆಯೋಗವನ್ನು ನೇಮಿಸಿತು. ಅದು 1193 ಸಾಕ್ಷಿಗಳನ್ನು ವಿಚಾರಿಸಿ, 1894ರಲ್ಲಿ ಹಲವು ಸಂಪುಟಗಳ ವರದಿಯನ್ನು ಒಪ್ಪಿಸಿತು. ಸಾಕ್ಷಿಗಳಲ್ಲಿ ಅಧಿಕಾರಿಗಳೂ ವೈದ್ಯರೂ ಹೆಚ್ಚಿನವರು. ಅಂದರೆ ಸೇದುವವರ ವಿಷಯವಾಗಿ ಸೇದದವರು ಹೇಳಿದ ಮಾತೇ ಬಹಳ. ಆದರೂ ಆ ಆಯೋಗದವರು ಒಂದು ಕೆಲಸವನ್ನು ಚೆನ್ನಾಗಿ ಮಾಡಿದರು. ಹುಚ್ಚಾಸ್ಪತ್ರೆಗಳ ದಾಖಲೆಪುಸ್ತಕಗಳನ್ನು ನಂಬದೆ, 1892ರಲ್ಲಿ ಸೇರಿದ 1344 ರೋಗಿಗಳಲ್ಲಿ ಗಾಂಜಾ ಭಂಗಿಗಳೇ ಕಾರಣವೆಂದು ಬರೆಯಲಾಗಿದ್ದವರ ವೃತ್ತಾಂತವನ್ನು ಮತ್ತೆ ಶೋಧಿಸಿದರು. 'ಕಾರಣ' ಎಂಬ ಅಂಕಣದಲ್ಲಿ ಗಾಂಜಾ ಎಂದು ಬರೆದದ್ದು ಬಹಳ ಸಲ ರೋಗಿಯನ್ನು ತಂದ ಪೋಲೀಸನ ಮಾತಿನ ಮೇಲೆ, ಇಲ್ಲವೆ ಬರೆಯಲು ಬೇರೇನೂ ತೋಚದಿದ್ದದ್ದರಿಂದ, ಎಂಬದು ಹೊರಬಿತ್ತು. ಕಡೆಗೆ 98 ಜನರಲ್ಲಿ ಮಾತ್ರ ಆ ಕಾರಣವನ್ನು ಒಪ್ಪಬಹುದೆಂದು ಅವರು ತೀರ್ಮಾನಿಸಿದರು. ಮಿತವಾದ ಸೇವನೆಯೇ ಸಾಮಾನ್ಯ, ಅತಿಯಾದದ್ದು ವಿರಳ, ಸಂಪೂರ್ಣ ನಿಷೇಧವು ಬೇಕಿಲ್ಲ ಎಂಬದು ಅವರ ಅಭಿಪ್ರಾಯವಾಗಿತ್ತು.

ಆಗ ಮುಂಬಯಿ ಇಲಾಖೆಯಲ್ಲಿದ್ದ ಹುಚ್ಚಾಸ್ಪತ್ರೆಗಳಲ್ಲಿ ಧಾರವಾಡದ್ದೂ ಒಂದು. ಮನೋಳಿಯ ಕಡೆಗೆ ಇಂದಿಗೂ ಒಬ್ಬನ ಮಾತು ತಿರುಗುಮುರುಗಾಯಿತೆಂದರೆ, ಅವನನ್ನು ಧಾರವಾಡಕ್ಕೆ ಕಳಿಸಬೇಕು ಎನ್ನುವದುಂಟು. ವೃದ್ಧರು ಬಾಲ್ಯದಲ್ಲಿ ಕಂಡ ಒಬ್ಬ ಬಣ್ಣಗಾರರ ಹುಡುಗನು ಹಾಗೆಯೇ ಹೋದವನು. ನೂಲಿಗೆ ಬಣ್ಣ ಹಾಕುವ ಕೆಲಸದವರ ಮಗ, ಹದಿನೆಂಟು ವರ್ಷದವನಿರಬೇಕು. ಒಂದೆರಡು ಸಲ ಬೈರಾಗಿಗಳ ಹತ್ತಿರ ಕುಳಿತದ್ದನ್ನು ಜನರು ಕಂಡಿದ್ದರು. ಆದಕಾರಣ ಅವನ ಹುಚ್ಚಿಗೆ ಗಾಂಜಾ ಎಂಬ ಹೆಸರು ಬಿದ್ದಿತು. ಮತ್ತೆ ಯಾರೂ ಬೇರೆ ವಿಚಾರ ಮಾಡಲಿಲ್ಲ. ಅವನ ಮನೆಯವರು ಊರನ್ನೇ ಬಿಟ್ಟುಹೋದರು.

ಅದೇ ಕಾಲದಲ್ಲಿ ವೈದ್ಯರ ಮನೆಯ ಒಳಕೋಣೆಯಲ್ಲಿ ಒಂದು ಚೀನೀ ಭರಣಿಯಿತ್ತು. ಅದರೊಳಗಿನ ಲೇಹಕ್ಕೆ ಮನೆಯಲ್ಲಿ 'ನಿದ್ದೆಯ ಔಷಧ' ಎನ್ನುತ್ತಿದ್ದರು. ಭಂಗಿಯ ಎಲೆಯನ್ನು ನೀರಿನಲ್ಲಿ ಹಸುರು ಹೋಗುವವರೆಗೆ ತೊಳೆದು, ಒಣಗಿಸಿ, ತುಪ್ಪದಲ್ಲಿ ಹುರಿದು, ಜಾಜಿಕಾಯಿ ಏಲಕ್ಕಿಗಳೊಡನೆ ಅರೆದು ಮಾಡಿದ್ದು. ಜಾತೀಫಲಾದಿ ಚೂರ್ಣದಂಥ ಶಾಸ್ತ್ರೀಯ ಯೋಗಗಳಲ್ಲಿಯೂ ಭಂಗಿಯು ಇರುವದರಿಂದ ಇದರಲ್ಲಿ ಅಧರ್ಮವೇನೂ ಇರಲಿಲ್ಲ. ಹೊಟ್ಟೆ ಹಿಡಿದವರೂ ನಿದ್ದೆ ಬಾರದ ಮುದುಕಿಯರೂ ಬಾಣಂತಿಯರ ಅತ್ತೆಯರೂ ಅದನ್ನು ಒಯ್ಯುತ್ತಿದ್ದರು. ಅವರಲ್ಲಿ ಕೆಲವರು ವರ್ಷಾನುವರ್ಷ ಒಯ್ದರು. ಬಣ್ಣಗಾರರ ಹುಡುಗನನ್ನು ಕುರಿತು ತುಟಿ ಕಚ್ಚಿಕೊಂಡ ಹೆಂಗಸರಲ್ಲಿ ಇಬ್ಬರು ಮೂವರು ಈ ಭರಣಿಯ ಗಿರಾಕಿಗಳೇ ಆಗಿದ್ದರು. ಆಯೋಗದವರು ಮನೋಳಿಗೆ ಬಂದಿದ್ದರೆ ಅವರ ಲೆಕ್ಕದಲ್ಲಿ ಈ ಹೆಂಗಸರು ಸೇರುತ್ತಿರಲಿಲ್ಲವೆಂದು ಧಾರಾಳವಾಗಿ ಹೇಳಬಹುದು.

ಭರಣಿಯ ವಿಷಯವು ಇಷ್ಟಕ್ಕೇ ಮುಗಿಯಲಿಲ್ಲ. ಇಪ್ಪತ್ತೆರಡನೆಯ ವಯಸ್ಸಿನಲ್ಲಿ, ಒಂದು ಶಿವರಾತ್ರಿಯ ಜಾಗರಣೆಯ ದಿನ, ಈ ವೈದ್ಯರೇ ಕುತೂಹಲದಿಂದ ಅದರೊಳಗಿಂದ ನೆಲ್ಲಿಕಾಯಿಯಷ್ಟು ತೆಗೆದು ತಿಂದರು. ಮುಕ್ಕಾಲು ತಾಸು ಏನೂ ಆಗಲಿಲ್ಲವೆಂದು ಇನ್ನಷ್ಟು ತಿಂದರು. ತಿಂದ ಭಂಗಿಯು ಸೇದಿದ ಗಾಂಜಾದಂತೆ ತಟ್ಟನೆ ಏರುವದಿಲ್ಲ. ನಿಧಾನವಾಗಿ ಬಂದು ಬಹಳ ಹೊತ್ತು ನಿಲ್ಲುವದೆಂಬ ಪಾಠವನ್ನು ಅವರು ಗ್ರಂಥದಿಂದ ಕಲಿಯದೆ ದೇಹದಿಂದ ಕಲಿತರು. ಜಂತಿಯ ತೊಲೆಗಳು ಇಳಿದು ಬಂದವು. ಗುಡಿಯ ಗಂಟೆಯ ಒಂದು ಬಡಿತಕ್ಕೂ ಇನ್ನೊಂದಕ್ಕೂ ನಡುವೆ ಒಂದು ಜನ್ಮವೇ ಕಳೆದಂತಾಯಿತು. ಮೂರು ದಿನ ಅವರು ಯಾರ ಮುಖವನ್ನೂ ನೋಡಲಿಲ್ಲ. ತಾಯಿ ಮಜ್ಜಿಗೆ ಕುಡಿಸಿ, ದೃಷ್ಟಿ ತೆಗೆದರು, ಪ್ರಶ್ನೆ ಕೇಳಲಿಲ್ಲ. ಅದನ್ನು ಅವರು ಹೆಂಡತಿಗೆ ಸಹ ಹೇಳಿದವರಲ್ಲ.

ಇನ್ನು ಅಣ್ಣನ ಕಥೆ. ವೈದ್ಯರ ಹಿರಿಯಣ್ಣನು ಇಪ್ಪತ್ತೈದನೆಯ ವಯಸ್ಸಿಗೆ ಮನೆಯನ್ನು ಬಿಟ್ಟುಹೋಗಿ ಸಾಧುಗಳ ಜಮಾತನ್ನು ಸೇರಿದನು. ಕೃಷ್ಣೆಯ ತೀರದ ಕಡೆಗೆ ಅವನನ್ನು ಕಂಡವರಿದ್ದರು. ಆ ಪ್ರಾಂತದ ಅವಧೂತ ಆರೂಢ ಪಂಥಗಳಲ್ಲಿ ಗಾಂಜಾ ಸೇವನೆಯು ಧ್ಯಾನದ ಅಂಗವೆಂದು ನಡೆದುಬಂದಿದೆ. ಯಾದಗಿರಿ ಜಿಲ್ಲೆಯ ತಿಂಥಣಿಯ ಮೌನೇಶ್ವರನ ಜಾತ್ರೆಯಲ್ಲಿ ಅದನ್ನು ಪ್ರಸಾದವೆಂದು ಕೊಡುವ ಸಂಗತಿಯು 2020ರಲ್ಲಿ ವೃತ್ತಪತ್ರಗಳಲ್ಲಿಯೂ ಬಂದಿತ್ತು. ಅಲ್ಲಿಯ ಭಕ್ತರು ಅದನ್ನು ಚಟವೆಂದು ಎಣಿಸುವದಿಲ್ಲ. ಅದೇನೇ ಇರಲಿ. ಮನೋಳಿಯ ಮನೆಯಲ್ಲಿ ಅಣ್ಣನು 'ಸ್ವಾಮಿಗಳು' ಆದನು. ನಡುಮನೆಯಲ್ಲಿ ಅವನ ಭಾವಚಿತ್ರಕ್ಕೆ ಮಾಲೆ ಬಿದ್ದಿತು. ಹೊರಡುವ ಮೊದಲು ಎಂಟು ತಿಂಗಳು ಅವನು ಗೋಡೆಯ ಕಡೆಗೆ ಮುಖ ಮಾಡಿ ಯಾರೊಡನೆಯೋ ವಾದಿಸುತ್ತಿದ್ದದ್ದು, ತಾಯಿಯು ಕೊಟ್ಟ ಅನ್ನದಲ್ಲಿ ವಿಷವಿದೆಯೆಂದು ತಟ್ಟೆಯನ್ನು ಎಸೆದದ್ದು, ಇವನ್ನು ಕಂಡವರು ಈಗ ಉಳಿದಿರುವವರು ತಮ್ಮನೊಬ್ಬನೇ. ಬಣ್ಣಗಾರರ ಹುಡುಗನಿಗೆ ಹುಚ್ಚು, ವೈದ್ಯರ ಮಗನಿಗೆ ವೈರಾಗ್ಯ!

ಕಳೆದ ಬನದ ಹುಣ್ಣಿಮೆಯ ಸುಮಾರಿಗೆ ಬೆಂಗಳೂರಿನಲ್ಲಿ ಇಂಜಿನಿಯರಿಂಗು ಓದುತ್ತಿದ್ದ ಮೊಮ್ಮಗನು ಅನಿರೀಕ್ಷಿತವಾಗಿ ಊರಿಗೆ ಬಂದನು. ಸೊರಗಿದ್ದನು, ರಾತ್ರಿ ಮಲಗುತ್ತಿರಲಿಲ್ಲ. ತಾಯಿಯು ಬಟ್ಟೆ ಒಗೆಯುವಾಗ ಅಂಗಿಯ ಕಿಸೆಯಲ್ಲಿ ಚಿಕ್ಕ ಪ್ಲಾಸ್ಟಿಕ್ ಚೀಟಿಯೊಳಗೆ ಉಗುರಿನಷ್ಟು ಅಗಲದ ಬಣ್ಣದ ಕಾಗದದ ತುಣುಕೊಂದು ಸಿಕ್ಕಿತು. ಅಂಚೆಯ ತಿಕೀಟಿನಂತಿದ್ದ ಅದನ್ನು ಅವಳು ಎಸೆಯುತ್ತಿದ್ದಳು. ಹುಡುಗನ ಮುಖವು ಬಿಳಿಚಿಕೊಂಡದ್ದನ್ನು ಕಂಡು ನಿಂತಳು. ಅದು ಎಲ್.ಎಸ್.ಡಿ. ಎಂಬ ದ್ರವ್ಯದಲ್ಲಿ ಅದ್ದಿದ ಕಾಗದ. ಸ್ವಿಜರ್ಲಂಡಿನ ಹಾಫ್‌ಮನ್ ಎಂಬ ರಸಾಯನಜ್ಞನು 1938ರಲ್ಲಿ ಅದನ್ನು ತಯಾರಿಸಿ, 1943ರಲ್ಲಿ ತಾನೇ ಸೇವಿಸಿ, ಅದರ ಶಕ್ತಿಯನ್ನು ಕಂಡುಕೊಂಡನು. ಗುಲಗಂಜಿಯ ಸಾವಿರದಲ್ಲಿ ಒಂದು ಭಾಗದಷ್ಟು ಸಾಕು, ಲೋಕವೇ ಬೇರೆಯಾಗಿ ಕಾಣುವದು. 1985ರ ಕಾಯಿದೆಯ ಮೇರೆಗೆ ಗಾಂಜಾದ ವಾಣಿಜ್ಯ ಪ್ರಮಾಣವು ಇಪ್ಪತ್ತು ಕಿಲೋ ಆದರೆ ಇದರದು ಒಂದು ಗ್ರಾಮಿನ ಹತ್ತನೆಯ ಒಂದು ಭಾಗ. ಅದೇ ಕಾಯಿದೆಯು ಹೂತೆನೆಯಿಲ್ಲದ ಎಲೆಯನ್ನು ಗಾಂಜಾ ಎಂದು ಎಣಿಸುವದಿಲ್ಲ. ಆದ್ದರಿಂದಲೇ ಭಂಗಿಯು ಆ ಕಾಯಿದೆಯೊಳಗೆ ಬರುವದಿಲ್ಲವೆಂದು ಕರ್ನಾಟಕದ ಉಚ್ಚ ನ್ಯಾಯಾಲಯವು 2022ರಲ್ಲಿ ಒಂದು ಜಾಮೀನಿನ ಪ್ರಕರಣದಲ್ಲಿ ಹೇಳಿತು.

ಮನೆಯಲ್ಲಿ ಆದ ಗದ್ದಲವನ್ನು ವರ್ಣಿಸುವ ಕಾರಣವಿಲ್ಲ. ಏಳು ತಲೆಮಾರಿನಲ್ಲಿ ಇಂಥದು ಆಗಿರಲಿಲ್ಲವೆಂದು ಹುಡುಗನ ತಂದೆಯು ಗರ್ಜಿಸಿದನು. ಅವನು ಪೇಟೆಯಲ್ಲಿ ಅಂಗಡಿ ಇಟ್ಟವನು, ಸಜ್ಜನ. ಪ್ರತಿರಾತ್ರಿ ಅಂಗಡಿಯ ಬಾಗಿಲು ಹಾಕಿದ ಮೇಲೆ ಹಿಂದಿನ ಕೋಣೆಯಲ್ಲಿ ಎರಡು ಗ್ಲಾಸು ಕುಡಿದು, ಏಲಕ್ಕಿ ಅಗಿಯುತ್ತ ಮನೆಗೆ ಬರುವವನು. ಏಳು ತಲೆಮಾರಿನ ಮಾತು ಬಂದಾಗ ವೃದ್ಧರು ತಲೆ ಎತ್ತಿ ಭಾವಚಿತ್ರವನ್ನು ನೋಡಿದರು, ಮಾತಾಡಲಿಲ್ಲ.

ಅಂಕೆಗಳನ್ನು ನೋಡಿದವರಿಗೆ ಆ ಗದ್ದಲದಲ್ಲಿ ಒಂದು ವಿಪರ್ಯಾಸವು ಕಾಣುವದು. ಕೇಂದ್ರ ಸರಕಾರಕ್ಕಾಗಿ ದಿಲ್ಲಿಯ ಏಮ್ಸ್ ಸಂಸ್ಥೆಯವರು ಎರಡು ಲಕ್ಷ ಮನೆಗಳನ್ನು ಹೊಕ್ಕು, ಸುಮಾರು 4 ಲಕ್ಷ 73 ಸಾವಿರ ಜನರನ್ನು ಕೇಳಿ, 2019ರಲ್ಲಿ ಒಂದು ವರದಿಯನ್ನು ಪ್ರಕಟಿಸಿದರು. ಹತ್ತರಿಂದ ಎಪ್ಪತ್ತೈದು ವರ್ಷದವರಲ್ಲಿ, ಹಿಂದಿನ ಒಂದು ವರ್ಷದೊಳಗೆ ಮದ್ಯವನ್ನು ಕುಡಿದವರು ನೂರಕ್ಕೆ 14.6, ಅಂದರೆ ಸುಮಾರು 16 ಕೋಟಿ. ಗಂಡಸರಲ್ಲಿ ನೂರಕ್ಕೆ 27.3, ಹೆಂಗಸರಲ್ಲಿ 1.6. ಭಂಗಿ, ಗಾಂಜಾ, ಚರಸ್ ಇವುಗಳಲ್ಲಿ ಯಾವದನ್ನಾದರೂ ಸೇವಿಸಿದವರು 2.8, ಅಂದರೆ 3.1 ಕೋಟಿ, ಅವರಲ್ಲಿ ಭಂಗಿಯವರೇ ಹೆಚ್ಚು. ಆದರೆ ಪೀಡೆಯ ಪ್ರಮಾಣವು ಗಾಂಜಾ ಚರಸ್ ಸೇದುವವರಲ್ಲಿ ಅಧಿಕ. ಎಲ್.ಎಸ್.ಡಿ. ಮೊದಲಾದ ಭ್ರಾಮಕ ದ್ರವ್ಯಗಳನ್ನು ಸೇವಿಸಿದವರೋ ನೂರಕ್ಕೆ 0.12. ಅಂದರೆ ಸಾವಿರಕ್ಕೆ ಒಬ್ಬನಿಗಿಂತ ತುಸು ಹೆಚ್ಚು. ಅಮೇರಿಕದಲ್ಲಿ 2023ರಲ್ಲಿ ಈ ಅಂಕೆಯು ನೂರಕ್ಕೆ ಮೂರರಷ್ಟಿತ್ತು. ಇನ್ನೊಂದು ಅಂಕೆಯನ್ನು ಮಾತ್ರ ಓದಿ ಮುಂದೆ ಸಾಗಲು ಮನಸ್ಸು ಒಪ್ಪದು. ವಾಸನೆಯನ್ನು ಎಳೆದುಕೊಳ್ಳುವ ಅಂಟು, ತೆಳುಕ ಮೊದಲಾದವುಗಳಲ್ಲಿ ಮಾತ್ರ ದೊಡ್ಡವರ ಪ್ರಮಾಣಕ್ಕಿಂತ ಹತ್ತರಿಂದ ಹದಿನೇಳು ವರ್ಷದ ಮಕ್ಕಳದು ಹೆಚ್ಚು: ದೊಡ್ಡವರಲ್ಲಿ 0.58, ಮಕ್ಕಳಲ್ಲಿ 1.17. ಸೈಕಲ್ಲಿನ ಪಂಚರು ತೆಗೆಯುವ ಅಂಗಡಿಯ ಮುಂದೆ ನಿಂತ ಹುಡುಗನತ್ತ ಯಾವ ಗೃಹಸ್ಥನೂ ಬೆರಳು ಮಾಡಿದ್ದು ಕಾಣೆ.

ಹೀಗೆ ಆ ಮನೆಯು ಸಾವಿರಕ್ಕೆ ಒಬ್ಬನ ಪಾಪಕ್ಕಾಗಿ ಅತ್ತಿತು. ಮನೆಮನೆಗೆ ಹೋಗಿ ಕೇಳಿದವರಿಗೆ ಎಲ್ಲರೂ ನಿಜ ಹೇಳಿದರೆಂದು ನಂಬುವದಾದರೂ ಹೇಗೆ? ಆ ಮನೆಗೆ ಅವರು ಬಂದಿದ್ದರೆ ತಂದೆಯು ಇಲ್ಲವೆನ್ನುತ್ತಿದ್ದನು, ಮಗನು ಇಲ್ಲವೆನ್ನುತ್ತಿದ್ದನು, ಅಜ್ಜನೂ ಇಲ್ಲವೆನ್ನುತ್ತಿದ್ದರು.

ಮೂರನೆಯ ರಾತ್ರಿ ವೃದ್ಧರು ಮಾಳಿಗೆಗೆ ಹೋದರು. ಹುಡುಗನು ದೀಪ ಹಚ್ಚಿಕೊಂಡು ಕುಳಿತಿದ್ದನು.

"ಅಜ್ಜಾ, ಗ್ವಾಡಿ ಉಸರಾಡಿಸಿದಂಗ ಕಾಣತೈತಿ. ತಿಂಗಳಾತು. ನನಗ ಹುಚ್ಚ ಹಿಡೀತೈತೇನು?" ಎಂದನು.

ವೃದ್ಧರು ಅವನ ಪಕ್ಕದಲ್ಲಿ ಕುಳಿತು, ಜಂತಿಯನ್ನು ತೋರಿಸಿ, "ಈ ತೊಲಿ ನನ್ನ ಎದಿಮ್ಯಾಲೆ ಇಳದು ಬಂದಿತ್ತಪಾ, ಐವತ್ತೈದು ವರ್ಷದ ಹಿಂದ," ಎಂದು ಭರಣಿಯ ಕಥೆಯನ್ನು ಮೊದಲಿನಿಂದ ಕೊನೆಯವರೆಗೆ ಹೇಳಿದರು. ಹುಡುಗನು ನಗಬೇಕೋ ಅಳಬೇಕೋ ತಿಳಿಯದೆ ಕೇಳಿದನು. ಆ ಮೇಲೆ ಅವನೂ ಹೇಳಿದನು. ಕಾಗದವನ್ನು ಎರಡೇ ಸಲ ನಾಲಿಗೆಯ ಮೇಲೆ ಇಟ್ಟದ್ದು. ಆದರೆ ಗಾಂಜಾವನ್ನು ಒಂದೂಕಾಲು ವರ್ಷದಿಂದ ದಿನಾಲು ಸೇದುತ್ತಿದ್ದನು. ಅದನ್ನು ಅವನು ಹೇಳುವಷ್ಟರ ಸಂಗತಿಯೆಂದೇ ಭಾವಿಸಿರಲಿಲ್ಲ. ಕೋಣೆಯವರೆಲ್ಲರೂ ಸೇದುವರು ಎಂದನು.

ಮರುದಿನ ಅಜ್ಜ ಮೊಮ್ಮಗ ಇಬ್ಬರೂ ಸವದತ್ತಿಯ ಮೇಲಿಂದ ಧಾರವಾಡದ ಬಸ್ಸು ಹಿಡಿದರು. ಅಲ್ಲಿಯ ಮನೋವೈದ್ಯರು ಕಾಗದದ ವಿಷಯವನ್ನು ಎರಡು ನಿಮಿಷ ಕೇಳಿದರು. ಆ ದ್ರವ್ಯವು ಒಂದೆರಡು ದಿವಸದಲ್ಲಿ ದೇಹವನ್ನು ಬಿಡುವದೆಂದೂ, ಕಣ್ಣಿನ ತೊಂದರೆಯು ಕೆಲವರಲ್ಲಿ ಉಳಿಯಬಹುದಾದರೂ ಬಹುಶಃ ಕಡಿಮೆಯಾಗುವದೆಂದೂ ಹೇಳಿದರು. ದಿನನಿತ್ಯದ ಗಾಂಜಾವನ್ನು ಕುರಿತು ಮಾತ್ರ ಅರ್ಧ ತಾಸು ಕೇಳಿದರು. ವಯಸ್ಸು ಎಷ್ಟಿದ್ದಾಗ ಆರಂಭ, ದಿನಕ್ಕೆ ಎಷ್ಟು ಸಲ, ಬಿಟ್ಟರೆ ನಿದ್ದೆ ಬರುವದೋ ಇಲ್ಲವೋ, ಕಿವಿಯಲ್ಲಿ ಮಾತು ಕೇಳುವದೋ. ಹುಡುಗನು ಉತ್ತರ ಕೊಟ್ಟನು. ಆ ಮೇಲೆ ಅವರು ವೃದ್ಧರ ಕಡೆಗೆ ತಿರುಗಿ, ಮನೆತನದಲ್ಲಿ ಯಾರಿಗಾದರೂ ಚಿತ್ತಭ್ರಮೆಯಿತ್ತೇ ಎಂದು ಕೇಳಿದರು. ರಕ್ತಸಂಬಂಧಿಗಳಲ್ಲಿ ಅಂಥ ಬೇನೆಯಿದ್ದರೆ ಎಳೆಯ ವಯಸ್ಸಿನ ಗಾಂಜಾ ಸೇವನೆಯು ಹೆಚ್ಚು ಅಪಾಯಕರ. ಆದಕಾರಣ ಸರಿಯಾಗಿ ನೆನಪು ಮಾಡಿಕೊಂಡು ಹೇಳಬೇಕೆಂದರು.

ವೃದ್ಧರು ಬಹಳ ಹೊತ್ತು ಸುಮ್ಮನೆ ಇದ್ದರು. ಭಾವಚಿತ್ರಕ್ಕೆ ಪ್ರತಿ ಸೋಮವಾರ ಸೊಸೆಯು ಹೂ ಏರಿಸುವಳು. ಮೊಮ್ಮಗನ ಜಾವಳವನ್ನು ತೆಗೆಸಿದ್ದು ಆ ಚಿತ್ರದ ಮುಂದೆಯೇ.

"ನಮ್ಮ ಅಣ್ಣಗ ಇತ್ತರೀ," ಎಂದರು. "ಎಂಟ ತಿಂಗಳ ಮನ್ಯಾಗ ಇಟಗೊಂಡಿದ್ವಿ. ಆಮ್ಯಾಲೆ ಹೋದ."

ವೈದ್ಯರು ಬರೆದುಕೊಂಡರು. ಆಗ ಅವನು ಗಾಂಜಾ ಸೇದುತ್ತಿದ್ದನೇ ಎಂದು ಕೇಳಿದರು. ಇಲ್ಲ, ಅದು ಆಮೇಲಿನದು ಎಂದರು ವೃದ್ಧರು. ಬೇರೆ ಯಾರಾದರೂ ಮಾದಕ ಪದಾರ್ಥಗಳನ್ನು ತೆಗೆದುಕೊಳ್ಳುವವರು ಇರುವರೇ? ಮಗನು ಕುಡಿಯುವನು ಎಂದರು. ಸ್ವಲ್ಪ ತಡೆದು, ನಾನೂ ಒಮ್ಮೆ, ಎಂದು ಭರಣಿಯನ್ನು ಸೇರಿಸಿದರು. ಅದು ರೋಗಕ್ಕೆ ಸಂಬಂಧಿಸದ ಸಂಗತಿಯಾದರೂ ವೈದ್ಯರು ಅದನ್ನೂ ಬರೆದುಕೊಂಡರು.

ಗುಳಿಗೆ ಚೀಟಿಯೊಡನೆ, ಹದಿನೈದು ದಿವಸಕ್ಕೊಮ್ಮೆ ಬರಬೇಕೆಂಬ ಅಪ್ಪಣೆಯೊಡನೆ, ಅವರು ಸಂಜೆಯ ಬಸ್ಸಿನಲ್ಲಿ ತಿರುಗಿದರು. ಹುಡುಗನು ಕಿಟಕಿಗೆ ತಲೆ ಆನಿಸಿ ಮಲಗಿದ್ದನು; ಬಹು ದಿನಗಳ ಮೇಲೆ ಬಂದ ನಿದ್ದೆ. ಸವದತ್ತಿಯ ನಿಲ್ದಾಣದಲ್ಲಿ ಗುಡ್ಡಕ್ಕೆ ಹೋಗುವವರ ಗದ್ದಲಕ್ಕೆ ಎಚ್ಚರವಾಗಿ, ಕಣ್ಣೊರಸಿಕೊಂಡು, "ಅಜ್ಜಾ, ಸ್ವಾಮಿಗೋಳ ಹೆಸರ ಏನಿತ್ತು?" ಎಂದು ಕೇಳಿದನು. "ಮೊದಲಿನ ಹೆಸರ. ಮನಿ ಹೆಸರ."

ಆ ಹೆಸರನ್ನು ಮನೆಯಲ್ಲಿ ಯಾರೂ ಉಚ್ಚರಿಸದೆ ಅರ್ಧ ಶತಮಾನವಾಗಿತ್ತು. ವೃದ್ಧರು ಅದನ್ನು ಹೇಳಿದರು. ಬಸ್ಸಿನ ಸದ್ದಿನಲ್ಲಿ ಹುಡುಗನಿಗೆ ಸರಿಯಾಗಿ ಕೇಳಿಸಲಿಲ್ಲ, ಇನ್ನೊಮ್ಮೆ ಹೇಳಿದರು.